ಇಲ್ಲದ ಲೋಕಗಳ ಪಂಚಾಂಗ

ಗೋಡೆಯ ಮೇಲೆ ತೂಗುವ ಪಂಚಾಂಗವನ್ನು ನಾವೆಲ್ಲರೂ ದಿನವೂ ನೋಡುತ್ತೇವೆ. ಏಕಾದಶಿ ಎಂದು, ಹಬ್ಬಕ್ಕೆ ಇನ್ನೆಷ್ಟು ದಿನ ಎಂದು ತಿಳಿಯುವುದಕ್ಕೆ ಅದು ಬೇಕು. ಹಾಲಿನ ಲೆಕ್ಕ ಬರೆದಿಡುವುದಕ್ಕೂ ಅದೇ ಬೇಕು. ಆದರೆ ಯಾರೂ ಕಾಣದ, ಎಲ್ಲಿಯೂ ಇಲ್ಲದ ಲೋಕಗಳಿಗೆ ಪಂಚಾಂಗ ಬರೆಯುವವರೂ ಉಂಟು ಎಂದರೆ ನೀವು ನಗಬಹುದು. ನಾನೂ ಹಾಗೆ ನಕ್ಕವನೇ, ನಕ್ಕು ತಪ್ಪುಮಾಡಿದವನು. ಆ ತಪ್ಪಿನಿಂದಲೇ ಮಾತನ್ನು ಆರಂಭಿಸುತ್ತೇನೆ.

ನಾನು ಕರಾವಳಿಯ ಒಂದು ಪ್ರೌಢಶಾಲೆಯಲ್ಲಿ ಕನ್ನಡ ಪಾಠ ಹೇಳುವವನು. ಒಂದು ದಿನ ಒಂಬತ್ತನೆಯ ತರಗತಿಯಲ್ಲಿ ತತ್ಸಮ ತದ್ಭವಗಳನ್ನು ವಿವರಿಸುತ್ತಿದ್ದಾಗ ಹಿಂದಿನ ಬೆಂಚಿನ ಹುಡುಗನೊಬ್ಬ ತಲೆಯೆತ್ತದೆ ಏನನ್ನೋ ಬರೆಯುತ್ತಿದ್ದ. ಹತ್ತಿರ ಹೋಗಿ ಪುಸ್ತಕವನ್ನು ಕಸಿದು ನೋಡಿದೆ. ಏಳು ಲೋಕಗಳ ಹೆಸರು. ಒಂದೊಂದಕ್ಕೂ ಒಂದೊಂದು ಪಂಚಾಂಗ. ಒಂದು ಲೋಕದಲ್ಲಿ ವಾರಕ್ಕೆ ಐದೇ ದಿನ. ಇನ್ನೊಂದರಲ್ಲಿ ಎರಡು ಚಂದ್ರ. ಮತ್ತೊಂದರಲ್ಲಿ ವರ್ಷಕ್ಕೆ ನಲವತ್ತು ತಿಂಗಳು. ಪುಟದ ಮೇಲೆ ಕೆಂಪು ಶಾಯಿಯಲ್ಲಿ “ವ್ಯರ್ಥ ಕಾಲಹರಣ” ಎಂದು ಬರೆದು ಪುಸ್ತಕವನ್ನು ನನ್ನ ಮೇಜಿನ ಮೇಲೆ ಇಟ್ಟುಕೊಂಡೆ. ತರಗತಿಯೆಲ್ಲ ನಕ್ಕಿತು. ಹುಡುಗ ನಗಲಿಲ್ಲ.

ಸಂಜೆ ಮನೆಯಲ್ಲಿ ಆ ಪುಸ್ತಕವನ್ನು ಮತ್ತೊಮ್ಮೆ ತಿರುವಿಹಾಕಿದೆ. ಆರು ಲೋಕಗಳಿಗೆ ಸೂರ್ಯ, ಚಂದ್ರ, ಋತು ಎಲ್ಲವೂ ಇದ್ದವು. ಏಳನೆಯದಕ್ಕೆ ಏನೂ ಇಲ್ಲ. ಆ ಪುಟದಲ್ಲಿ ಇದ್ದುದು ಒಂದೇ ಸಾಲು: ಬೇರೆ ಲೋಕಗಳಲ್ಲಿ ಕಳೆದುಹೋದ ದಿನಗಳು ಇಲ್ಲಿರುತ್ತವೆ ಎಂದು. ಅದರ ಕೆಳಗೆ ಒಂದೇ ಒಂದು ತಾರೀಖು. ಅದೇಕೆಂದು ನನಗೆ ಅಂದು ತಿಳಿಯಲಿಲ್ಲ. ಆ ಮಾತು ಕೊನೆಗೆ ಬರಲಿ. ಮೊದಲು ಒಂದು ಪ್ರಶ್ನೆಯನ್ನು ಕೇಳಿಕೊಳ್ಳೋಣ: ಇಲ್ಲದ ಲೋಕಕ್ಕೆ ಪಂಚಾಂಗ ಏಕೆ ಬೇಕು? ಬೇಕಾದರೆ, ಅದು ಹೇಗಿರಬೇಕು?

ಪಂಚಾಂಗವೆಂದರೆ ಐದು ಅಂಗಗಳುಳ್ಳದ್ದು: ತಿಥಿ, ವಾರ, ನಕ್ಷತ್ರ, ಯೋಗ, ಕರಣ. ಇವುಗಳಲ್ಲಿ ತಿಥಿ, ನಕ್ಷತ್ರ, ಯೋಗ, ಕರಣ ಈ ನಾಲ್ಕು ಸೂರ್ಯಚಂದ್ರರ ನಡೆಯಿಂದ ಹುಟ್ಟಿದವು. ಆಕಾಶವನ್ನು ಅಳೆದು ಇವುಗಳನ್ನು ಗಣಿಸಬಹುದು. ವಾರ ಮಾತ್ರ ಹಾಗಲ್ಲ. ಇಂದು ಗುರುವಾರವೆಂದು ಹೇಳುವ ಯಾವ ಗುರುತೂ ಬಾನಿನಲ್ಲಿಲ್ಲ. ನಿನ್ನೆ ಬುಧವಾರವಾಗಿತ್ತು, ಆದುದರಿಂದ ಇಂದು ಗುರುವಾರ, ಅಷ್ಟೆ. ಜನರೆಲ್ಲ ಕೂಡಿ ಒಪ್ಪಿ, ಎಣಿಕೆ ತಪ್ಪದಂತೆ ನಡಸಿಕೊಂಡು ಬಂದ ಕಟ್ಟಳೆ ಅದು. ಎಂದಮೇಲೆ ನಿಜವಾದ ಪಂಚಾಂಗದಲ್ಲಿಯೂ ನಾಲ್ಕು ಪಾಲು ಆಕಾಶದ್ದಾದರೆ ಒಂದು ಪಾಲು ಕಲ್ಪನೆಯದು. ಹುಡುಗ ಮಾಡಿದ್ದು ಆ ಒಂದು ಪಾಲನ್ನು ಐದಕ್ಕೂ ವಿಸ್ತರಿಸಿದ್ದು.

ಹೀಗೆ ವಿಸ್ತರಿಸಿದವರಲ್ಲಿ ಹೆಸರಾದವರು ಜೆ. ಆರ್. ಆರ್. ಟೋಲ್ಕೀನ್. ಇವರು ಆಕ್ಸ್‌ಫರ್ಡಿನಲ್ಲಿ ಹಳೆಯ ಇಂಗ್ಲಿಷನ್ನು ಬೋಧಿಸುತ್ತಿದ್ದ ಪ್ರಾಧ್ಯಾಪಕರು; ನಮ್ಮ ಲೆಕ್ಕದಲ್ಲಿ ಹಳಗನ್ನಡದ ಪಂಡಿತರಿದ್ದ ಹಾಗೆ. ‘ಲಾರ್ಡ್ ಆಫ್ ದಿ ರಿಂಗ್ಸ್’ ಎಂಬ ಇವರ ಮಹಾಕಥೆ ೧೯೫೪–೫೫ರಲ್ಲಿ ಮೂರು ಸಂಪುಟಗಳಾಗಿ ಹೊರಬಂದಿತು. ಕೊನೆಯ ಸಂಪುಟಕ್ಕೆ ಸೇರಿಸಿದ ಅನುಬಂಧಗಳಲ್ಲಿ ಒಂದು ಪೂರ್ತಿ ಪಂಚಾಂಗಕ್ಕೇ ಮೀಸಲು.

ಆ ಕಥೆಯಲ್ಲಿ ಹಾಬಿಟ್ ಎಂಬ ಕುಳ್ಳಜನ ವಾಸಿಸುವ ಷೈರ್ ಎಂಬ ನಾಡು ಉಂಟು. ಅಲ್ಲಿ ವರ್ಷಕ್ಕೆ ಹನ್ನೆರಡು ತಿಂಗಳು. ಎಲ್ಲ ತಿಂಗಳಿಗೂ ಸರಿಯಾಗಿ ೩೦ ದಿನ. ಒಟ್ಟು ೩೬೦ ಆಯಿತು. ಉಳಿದ ಐದು ದಿನಗಳು ಯಾವ ತಿಂಗಳಿಗೂ ಸೇರವು. ಎರಡು ದಿನ ವರ್ಷ ಮುಗಿದು ಮೊದಲಾಗುವ ಚಳಿಗಾಲದ ಹಬ್ಬಕ್ಕೆ. ಮೂರು ದಿನ ನಡುಬೇಸಗೆಯ ಹಬ್ಬಕ್ಕೆ. ನಾಲ್ಕು ವರ್ಷಕ್ಕೊಮ್ಮೆ ಬೇಸಗೆಯ ಹಬ್ಬಕ್ಕೆ ಇನ್ನೊಂದು ದಿನ ಕೂಡುತ್ತದೆ. ಇಷ್ಟೇ ಅಲ್ಲ. ವರ್ಷದ ನಟ್ಟನಡುವಿನ ದಿನಕ್ಕೆ ಅವರು ವಾರದ ಹೆಸರನ್ನೇ ಇಡುವುದಿಲ್ಲ. ಹೆಚ್ಚಿನ ದಿನಕ್ಕೂ ಇಲ್ಲ. ಆಗ ೩೬೫ರಲ್ಲಿ ಒಂದು ಕಳೆದು ೩೬೪ ಉಳಿಯಿತು. ಅದು ಏಳರಿಂದ ಸರಿಯಾಗಿ ಭಾಗವಾಗಿ ೫೨ ವಾರಗಳಾದವು. ಇದರಿಂದ ಯಾವ ತಾರೀಖು ಯಾವ ವಾರಕ್ಕೆ ಬೀಳುವುದೋ ಪ್ರತಿವರ್ಷವೂ ಅದೇ ವಾರಕ್ಕೆ ಬೀಳುತ್ತದೆ. ಒಂದು ಪಂಚಾಂಗವನ್ನು ಕೊಂಡರೆ ಜನ್ಮಕ್ಕೆಲ್ಲ ಸಾಕು!

ಈ ಏರ್ಪಾಡಿನಲ್ಲಿ ಯಾವ ತಿಂಗಳೂ ಶುಕ್ರವಾರ ಮೊದಲಾಗುವುದಿಲ್ಲ. ಆದುದರಿಂದ ಎಂದೂ ನಡೆಯದ ಸಂಗತಿಯನ್ನು ಕುರಿತು ಹಾಬಿಟ್‌ಗಳು ‘ಒಂದನೆಯ ತಾರೀಖು ಶುಕ್ರವಾರ’ ಎಂದು ಹಾಸ್ಯ ಮಾಡುತ್ತಾರಂತೆ. ನಮ್ಮ ಊರುಗಳಲ್ಲಿ ದೆವ್ವವನ್ನು ಹಿಂದಕ್ಕೆ ಕಳುಹಿಸಲು ಬಾಗಿಲ ಮೇಲೆ ‘ನಾಳೆ ಬಾ’ ಎಂದು ಬರೆಯುತ್ತಿದ್ದುದು ನಿಮಗೆ ನೆನಪಿರಬಹುದು. ಆ ನಾಳೆಯೂ ಇಂಥದೇ ಒಂದು ದಿನ. ಪಂಚಾಂಗದಿಂದ ಗಾದೆಯೊಂದು ಹುಟ್ಟಿತೆಂದರೆ ಆ ನಾಡಿನಲ್ಲಿ ಜನ ಬದುಕಿದ್ದಾರೆ ಎಂದು ನಂಬಿಕೆ ಬರುತ್ತದೆ. ಇಲ್ಲದ ಲೋಕಕ್ಕೆ ಪಂಚಾಂಗ ಏಕೆ ಬೇಕು ಎಂಬುದಕ್ಕೆ ಇದು ಮೊದಲನೆಯ ಉತ್ತರ.

ಆದರೆ ಕಲ್ಪಿತವೆಂದು ಮನಬಂದಂತೆ ಬರೆಯುವ ಹಾಗಿಲ್ಲ. ೧೯೪೪ರಲ್ಲಿ, ಯುದ್ಧದ ಕಾಲ, ಟೋಲ್ಕೀನರ ಮಗ ವಿಮಾನದಳಕ್ಕೆ ಸೇರಿ ದಕ್ಷಿಣ ಆಫ್ರಿಕದಲ್ಲಿದ್ದ. ತಂದೆ ಕಥೆಯನ್ನು ಬರೆದ ಹಾಗೆಲ್ಲ ಅವನಿಗೆ ಕಳುಹಿಸುತ್ತಿದ್ದರು. ಒಂದು ಕಾಗದದಲ್ಲಿ ಅವರು ತಮ್ಮ ತೊಂದರೆಯೊಂದನ್ನು ಮಗನಿಗೆ ತೋಡಿಕೊಂಡರು: ಕಥೆಯಲ್ಲಿ ಚಂದ್ರ ಒಂದು ಕಡೆ ಹುಟ್ಟುತ್ತಿರುವಾಗಲೇ ಇನ್ನೊಂದು ಕಡೆ ಮುಳುಗುತ್ತಿದ್ದಾನೆ, ಇದು ಸಲ್ಲದು ಎಂದು. ಅದಕ್ಕಾಗಿ ಬರೆದ ಅಧ್ಯಾಯಗಳನ್ನು ತಿದ್ದಿದರು. ಓದುಗರಲ್ಲಿ ಎಷ್ಟು ಮಂದಿ ಅದನ್ನು ಗಮನಿಸುತ್ತಿದ್ದರೋ! ಆದರೂ ತಿದ್ದಿದರು. ಏಕೆಂದರೆ ಬೇರೆ ಬೇರೆ ದಾರಿ ಹಿಡಿದ ಗೆಳೆಯರು ಒಂದೇ ರಾತ್ರಿ ಒಂದೇ ಚಂದ್ರನನ್ನು ನೋಡಬೇಕು. ಇಲ್ಲದಿದ್ದರೆ ಅವರು ಮತ್ತೆ ಸೇರುವುದೆಂತು?

ಒಂದು ಲೋಕದ ಮಾತು ಹೀಗಾಯಿತು. ಲೋಕಗಳು ಹಲವಾದರೆ? ಹುಡುಗನ ಪುಸ್ತಕದಲ್ಲಿ ಏಳು ಲೋಕಗಳಿದ್ದವಷ್ಟೆ. ಒಂದರಿಂದ ಇನ್ನೊಂದಕ್ಕೆ ಹೋಗಿ ಬಂದವನಿಗೆ ಎಷ್ಟು ವಯಸ್ಸಾಗಿರುತ್ತದೆ? ಇದನ್ನು ಲೆಕ್ಕಹಾಕಿ ಹೇಳುವ ವಿದ್ಯೆಯನ್ನು ನಾವು ಪರದೇಶದಿಂದ ಕಲಿಯಬೇಕಾದುದಿಲ್ಲ. ನಮ್ಮ ಪುರಾಣಗಳಲ್ಲಿ ಬ್ರಹ್ಮಾಂಡ ಒಂದಲ್ಲ, ಅಸಂಖ್ಯ. ಅಲ್ಲಿ ಪುರಾಣಕಾರರು ಪಾಲಿಸಿದ ನಿಯಮ ಬಹಳ ಸರಳ: ಒಂದು ಲೋಕದ ದೊಡ್ಡ ಅಳತೆಯೇ ಮೇಲಿನ ಲೋಕದ ಚಿಕ್ಕ ಅಳತೆ.

ನಮ್ಮ ಒಂದು ತಿಂಗಳು ಪಿತೃಗಳಿಗೆ ಒಂದು ದಿನ. ನಮ್ಮ ಒಂದು ವರ್ಷ ದೇವತೆಗಳಿಗೆ ಒಂದು ದಿನ. ಉತ್ತರಾಯಣ ಅವರ ಹಗಲು, ದಕ್ಷಿಣಾಯನ ಅವರ ಇರುಳು. ಅಂಥ ೩೬೦ ದಿನ ಸೇರಿದರೆ ಒಂದು ದಿವ್ಯವರ್ಷ. ೧೨,೦೦೦ ದಿವ್ಯವರ್ಷಗಳಿಗೆ ಒಂದು ಚತುರ್ಯುಗ. ನಮ್ಮ ಎಣಿಕೆಯಲ್ಲಿ ಅದು ೪೩,೨೦,೦೦೦ ವರ್ಷ. ಇಂಥ ಸಾವಿರ ಚತುರ್ಯುಗ ಬ್ರಹ್ಮನಿಗೆ ಒಂದು ಹಗಲು. ಆ ಹಗಲಿನಲ್ಲಿ ಹದಿನಾಲ್ಕು ಮನುಗಳು ಬಂದು ಹೋಗುತ್ತಾರೆ. ಒಬ್ಬೊಬ್ಬನ ಆಳ್ವಿಕೆ ೭೧ ಚತುರ್ಯುಗ. ಹದಿನಾಲ್ಕನ್ನು ೭೧ರಿಂದ ಗುಣಿಸಿದರೆ ೯೯೪. ಸಾವಿರಕ್ಕೆ ಆರು ಕಡಮೆ. ಕಡಮೆಯಾದ ಈ ಆರನ್ನು ಸೂರ್ಯಸಿದ್ಧಾಂತ ಹಾಗೆಯೇ ಬಿಟ್ಟಿಲ್ಲ. ಮನ್ವಂತರಗಳ ಆದಿಯಲ್ಲಿ, ನಡುವೆ, ಅಂತ್ಯದಲ್ಲಿ ಕೃತಯುಗದಷ್ಟು ಉದ್ದದ ಹದಿನೈದು ಸಂಧಿಕಾಲಗಳನ್ನು ಇಟ್ಟು ಲೆಕ್ಕವನ್ನು ಸರಿದೂಗಿಸಿದೆ. ಕೃತಯುಗಕ್ಕೆ ೧೭,೨೮,೦೦೦ ವರ್ಷ. ಹದಿನೈದರಿಂದ ಗುಣಿಸಿ ನೋಡಿ, ಸರಿಯಾಗಿ ಆರು ಚತುರ್ಯುಗ ಬರುತ್ತದೆ. ಮನೆಯ ಮಕ್ಕಳಿಗೆ ಈ ಗುಣಾಕಾರವನ್ನು ಕೊಡಬಹುದು.

ಇನ್ನು ಈ ಲೆಕ್ಕದ ಮೇಲೆ ನಿಂತ ಒಂದು ಕಥೆ. ವೈವಸ್ವತ ಮನುವಿನ ಮಗ ಶರ್ಯಾತಿ. ಅವನ ವಂಶದಲ್ಲಿ ಕಕುದ್ಮಿ ಎಂಬ ಅರಸ. ಅವನ ರಾಜಧಾನಿ ಕುಶಸ್ಥಲಿ. ಅವನಿಗೆ ರೇವತಿ ಎಂಬ ಮಗಳು. ಇವಳಿಗೆ ತಕ್ಕ ವರ ಯಾರೆಂದು ಕೇಳುವುದಕ್ಕೆ ಅವನು ಮಗಳನ್ನು ಕರೆದುಕೊಂಡು ಬ್ರಹ್ಮಲೋಕಕ್ಕೇ ಹೋದ. ಅಲ್ಲಿ ಗಂಧರ್ವರ ಗಾನ ನಡೆಯುತ್ತಿತ್ತು. ನಡುವೆ ಮಾತಾಡುವುದು ಸರಿಯಲ್ಲವೆಂದು ಹಾಡು ಮುಗಿಯುವವರೆಗೆ ನಿಂತ. ಮುಗಿದ ಮೇಲೆ ತನ್ನ ಮನಸ್ಸಿನಲ್ಲಿದ್ದ ವರರ ಹೆಸರುಗಳನ್ನು ಬಿನ್ನವಿಸಿದ. ಬ್ರಹ್ಮ ನಕ್ಕು, “ಅವರಿಲ್ಲ, ಅವರ ಮಕ್ಕಳಿಲ್ಲ, ಮೊಮ್ಮಕ್ಕಳಿಲ್ಲ, ವಂಶದ ಹೆಸರು ಕೂಡ ಉಳಿದಿಲ್ಲ, ನೀನು ಇಲ್ಲಿ ನಿಂತಿದ್ದಾಗ ಭೂಮಿಯಲ್ಲಿ ೨೭ ಚತುರ್ಯುಗ ಕಳೆಯಿತು” ಎಂಬ ಅರ್ಥದ ಮಾತನ್ನು ಹೇಳಿದ. ಅರಸ ಮರಳಿ ಬಂದಾಗ ಮನುಷ್ಯರು ಗಿಡ್ಡರಾಗಿದ್ದರು; ಅವನ ಕುಶಸ್ಥಲಿ ಇದ್ದೆಡೆಯಲ್ಲಿ ದ್ವಾರಕೆ ನಿಂತಿತ್ತು. ಬ್ರಹ್ಮನ ಮಾತಿನಂತೆ ರೇವತಿಯನ್ನು ಬಲರಾಮನಿಗೆ ಧಾರೆಯೆರೆದ.

ಈ ಕಥೆಯನ್ನು ನಾನು ಬಾಲ್ಯದಿಂದ ಕೇಳಿದ್ದೆ. ಹುಡುಗನ ಪುಸ್ತಕವನ್ನು ನೋಡಿದ ರಾತ್ರಿ ಮೊದಲ ಬಾರಿ ಲೆಕ್ಕಹಾಕಿದೆ. ಸಾವಿರ ಚತುರ್ಯುಗ ಬ್ರಹ್ಮನ ಹಗಲು. ಆ ಹಗಲು ನಮ್ಮದರಂತೆ ಹನ್ನೆರಡು ಗಂಟೆ ಎಂದಿಟ್ಟುಕೊಂಡರೆ ೨೭ ಚತುರ್ಯುಗಕ್ಕೆ ಹತ್ತೊಂಬತ್ತೂವರೆ ನಿಮಿಷ. ಆಕಾಶವಾಣಿಯಲ್ಲಿ ವಿದ್ವಾಂಸರೊಬ್ಬರು ಒಂದು ರಾಗವನ್ನು ವಿಸ್ತರಿಸಿ ಒಂದು ಕೀರ್ತನೆಯನ್ನು ಹಾಡಿ ಮುಗಿಸುವಷ್ಟು ಹೊತ್ತು! ಕಥೆಯ ಲೆಕ್ಕ ತಪ್ಪಿಲ್ಲ. ಇನ್ನೂ ಒಂದು ಸೊಗಸನ್ನು ನೋಡಿ. ಮನೆಯಲ್ಲಿ ಪೂಜೆಗೆ ಕುಳಿತಾಗ ಪುರೋಹಿತರು ಸಂಕಲ್ಪದಲ್ಲಿ ಶ್ವೇತವರಾಹ ಕಲ್ಪ, ವೈವಸ್ವತ ಮನ್ವಂತರ, ಇಪ್ಪತ್ತೆಂಟನೆಯ ಕಲಿಯುಗ ಎಂದು ಹೇಳಿಸುತ್ತಾರೆ. ಕಕುದ್ಮಿ ಹೊರಟದ್ದು ಇದೇ ಮನುವಿನ ಮರಿಮಕ್ಕಳ ಮಕ್ಕಳ ಪೀಳಿಗೆಯಲ್ಲಿ. ೨೭ ಕಳೆದ ಮೇಲೆ ಬಂದು ಇಳಿದದ್ದು ಇಪ್ಪತ್ತೆಂಟರಲ್ಲಿ, ಬಲರಾಮನ ಕಾಲಕ್ಕೆ. ಸಂಕಲ್ಪಕ್ಕೂ ಕಥೆಗೂ ತಾಳೆ ಬೀಳುತ್ತದೆ.

ಸಂಕಲ್ಪವೆಂದರೆ ಕಾಲದಲ್ಲಿ ನಮ್ಮ ವಿಳಾಸ. ಅಂಚೆಯ ಲಕೋಟೆಯ ಮೇಲೆ ಹೆಸರು, ಬೀದಿ, ಊರು, ಜಿಲ್ಲೆ ಎಂದು ಕೆಳಗಿನಿಂದ ಮೇಲಕ್ಕೆ ಬರೆಯುತ್ತೇವೆ. ಸಂಕಲ್ಪದಲ್ಲಿ ಬ್ರಹ್ಮನ ಆಯುಸ್ಸಿನಿಂದ ಹೊರಟು ಕಲ್ಪ, ಮನ್ವಂತರ, ಯುಗ, ಸಂವತ್ಸರ, ಮಾಸ, ಪಕ್ಷ ಎಂದು ಇಳಿದು ಈ ದಿನಕ್ಕೆ, ಈ ಮನೆಗೆ ಬಂದು ಮುಟ್ಟುತ್ತೇವೆ. ಹಲವು ಲೋಕಗಳಿಗೆ ಪಂಚಾಂಗ ಬರೆಯುವವನಿಗೆ ಬೇಕಾದ ಎರಡನೆಯ ವಸ್ತು ಇದೇ: ಒಂದರ ಕಾಲವನ್ನು ಇನ್ನೊಂದಕ್ಕೆ ತಿರುಗಿಸುವ ಪ್ರಮಾಣ. ಟೋಲ್ಕೀನರಿಗೂ ಇದು ಗೊತ್ತಿತ್ತು. ಅವರ ಕಥೆಯಲ್ಲಿ ಸಾವಿಲ್ಲದ ಎಲ್ಫ್ ಜನ ೧೪೪ ವರ್ಷಕ್ಕೆ ಒಂದು ದೀರ್ಘವರ್ಷವೆಂದು ಎಣಿಸುತ್ತಾರೆ. ಅವರ ಕಾಡಿನಲ್ಲಿ ತಂಗಿ ಹೊರಬಂದ ಸ್ಯಾಮ್ ಎಂಬ ಹಾಬಿಟ್ ಆಕಾಶದಲ್ಲಿ ಬಿದಿಗೆಯ ಚಂದ್ರನಂಥ ಎಳೆಯ ಗೆರೆಯನ್ನು ನೋಡಿ ಬೆರಗಾಗುತ್ತಾನೆ: ನಾವು ಅಲ್ಲಿ ಕೆಲವೇ ರಾತ್ರಿ ಇದ್ದೆವಲ್ಲ, ಒಂದು ತಿಂಗಳು ಹೇಗೆ ಹೋಯಿತು? ಚಂದ್ರ ಅಲ್ಲಿ ಸಾಕ್ಷಿ ಹೇಳುತ್ತಾನೆ.

ಕಥೆಗಳಾಯಿತು, ಪುರಾಣವಾಯಿತು. ಕಣ್ಣಿಗೆ ಕಾಣುವ, ಆದರೆ ಯಾರೂ ಇನ್ನೂ ಕಾಲಿಡದ ಲೋಕವೊಂದಕ್ಕೆ ಬರೆದ ಪಂಚಾಂಗವೂ ಉಂಟು. ಅದು ಮಂಗಳಗ್ರಹದ್ದು. ಅಲ್ಲಿಯ ದಿನ ನಮ್ಮ ದಿನಕ್ಕಿಂತ ಸುಮಾರು ನಲವತ್ತು ನಿಮಿಷ ಉದ್ದ. ವರ್ಷಕ್ಕೆ ಅಂಥ ೬೬೮ಕ್ಕೂ ಸ್ವಲ್ಪ ಹೆಚ್ಚು ದಿನಗಳು. ಅಮೆರಿಕದ ಥಾಮಸ್ ಗಂಗಾಲೆ ಎಂಬವರು ೧೯೮೫ರಲ್ಲಿ ಇದಕ್ಕೊಂದು ಪಂಚಾಂಗವನ್ನು ರಚಿಸಿ ಮಗನ ಹೆಸರನ್ನೇ ಅದಕ್ಕೆ ಇಟ್ಟರು. ಡೇರಿಯನ್ ಪಂಚಾಂಗವೆಂದು ಹೆಸರಾಯಿತು. ಅದರಲ್ಲಿ ೨೪ ತಿಂಗಳು. ಹೆಸರುಗಳನ್ನು ಎಲ್ಲಿಂದ ತಂದರು ಬಲ್ಲಿರಾ? ಒಂದು ಲ್ಯಾಟಿನ್ ಆದರೆ ಮುಂದಿನದು ಸಂಸ್ಕೃತ. ಮಕರ, ಕುಂಭ, ಮೀನ, ಮೇಷ, ಸಿಂಹ, ಕನ್ಯಾ, ತುಲಾ, ಹೀಗೆ ನಮ್ಮ ರಾಶಿಗಳೆಲ್ಲವೂ ಅಲ್ಲಿ ತಿಂಗಳುಗಳಾಗಿವೆ.

ತಿಂಗಳು ಎಂದೆ. ಹಳಗನ್ನಡದಲ್ಲಿ ತಿಂಗಳೆಂದರೆ ಚಂದ್ರ. ಚಂದ್ರನ ಒಂದು ಸುತ್ತೇ ನಮಗೆ ತಿಂಗಳಾಯಿತು. ಮಂಗಳನಿಗೆ ಎರಡು ಚಂದ್ರರುಂಟು. ಅವರಲ್ಲಿ ಒಬ್ಬ ಎಂಟು ಗಂಟೆಯೊಳಗೇ ಸುತ್ತು ಮುಗಿಸುತ್ತಾನೆ. ಅವನನ್ನು ನಂಬಿದರೆ ದಿನಕ್ಕೆ ಮೂರು ತಿಂಗಳು ಬಂದುಹೋಗಬೇಕು! ಆದುದರಿಂದಲೇ ಅಲ್ಲಿ ಚಂದ್ರರನ್ನು ಬಿಟ್ಟು ರಾಶಿಗಳನ್ನು ಹಿಡಿಯಬೇಕಾಯಿತು. ಎಲ್ಲ ಲೋಕಕ್ಕೂ ಅದರದೇ ಆದ ಆಕಾಶ. ಪಂಚಾಂಗ ಅದಕ್ಕೆ ಒಪ್ಪಬೇಕು.

ಆಕಾಶ ಒಪ್ಪಿತು, ಪ್ರಮಾಣವೂ ಸರಿಯಾಯಿತು. ಅಷ್ಟರಿಂದಲೇ ಪಂಚಾಂಗ ಬಾಳುತ್ತದೆಯೆ? ಇಲ್ಲ. ಕ್ರಾಂತಿಯ ಕಾಲದಲ್ಲಿ, ೧೭೯೩ರಲ್ಲಿ, ಫ್ರಾನ್ಸಿನವರು ಹೊಸ ಪಂಚಾಂಗವನ್ನು ಜಾರಿಗೆ ತಂದರು. ತಿಂಗಳಿಗೆ ೩೦ ದಿನ, ಹತ್ತು ದಿನಕ್ಕೆ ಒಂದು ವಾರ, ತಿಂಗಳುಗಳಿಗೆ ಮಂಜು, ಚಿಗುರು, ಸುಗ್ಗಿಯ ಹೆಸರು. ಲೆಕ್ಕ ಅಚ್ಚುಕಟ್ಟಾಗಿತ್ತು. ಆದರೆ ಏಳು ದಿನಕ್ಕೊಮ್ಮೆ ಸಿಗುತ್ತಿದ್ದ ಬಿಡುವು ದುಡಿಯುವವನಿಗೆ ಹತ್ತು ದಿನಕ್ಕೊಮ್ಮೆ ಆಯಿತು. ಹಳೆಯ ಹಬ್ಬಗಳಿಗೆ ಜಾಗ ಇಲ್ಲವಾಯಿತು. ೧೮೦೬ರ ಮೊದಲ ದಿನಕ್ಕೆ ಅದು ರದ್ದಾಯಿತು. ನಮ್ಮಲ್ಲಿಯೂ ೧೦೭೬ರಲ್ಲಿ ಪಟ್ಟಕ್ಕೆ ಬಂದ ಚಾಳುಕ್ಯರ ಆರನೆಯ ವಿಕ್ರಮಾದಿತ್ಯ ಶಕವರ್ಷವನ್ನು ಬದಿಗಿಟ್ಟು ತನ್ನ ಹೆಸರಿನ ವರ್ಷವನ್ನು ಆರಂಭಿಸಿದ. ಕನ್ನಡ ಶಾಸನಗಳು ಅದನ್ನು ಗೌರವದಿಂದ ಕೆತ್ತಿದವು. ಅವನ ಕಾಲವಾದ ಮೇಲೆ ಅದು ಮೆಲ್ಲಗೆ ಮರೆಯಾಯಿತು. ಸ್ವತಂತ್ರ ಭಾರತದ ರಾಷ್ಟ್ರೀಯ ಪಂಚಾಂಗ ೧೯೫೭ರ ಮಾರ್ಚ್ ೨೨ರಿಂದ ಜಾರಿಗೆ ಬಂದಿತು. ಮೇಘನಾದ ಸಾಹಾ ಅವರ ಅಧ್ಯಕ್ಷತೆಯ ಸಮಿತಿ ಅದನ್ನು ಬಹಳ ಶ್ರಮಪಟ್ಟು ಸಿದ್ಧಪಡಿಸಿತು. ಸರಕಾರದ ರಾಜಪತ್ರದಲ್ಲಿ ಅದರ ತಾರೀಖು ಇದೆ. ಆದರೆ ಮನೆಯಲ್ಲಿ ಗೌರಿಹಬ್ಬ ಎಂದು ಎಂದು ಕೇಳಿದರೆ ಗೋಡೆಯ ಪಂಚಾಂಗವನ್ನೇ ನೋಡುತ್ತೇವೆ. ಎಂದಮೇಲೆ ಪಂಚಾಂಗಕ್ಕೆ ಬೇಕಾದ ಮೂರನೆಯದು, ಜನ ಕಾಯುವ ಒಂದು ದಿನ. ಅದಿಲ್ಲದಿದ್ದರೆ ಉಳಿದುದೆಲ್ಲ ಬರಿಯ ಕೋಷ್ಟಕ.

ಈಗ ಹುಡುಗನ ಏಳನೆಯ ಪುಟಕ್ಕೆ ಬರುತ್ತೇನೆ. ಮರುದಿನ ಅವನನ್ನು ಕರೆದು, ಆ ತಾರೀಖು ಏನಪ್ಪಾ ಎಂದು ಕೇಳಿದೆ. “ನನ್ನ ಹುಟ್ಟಿದ ದಿನ, ಸರ್” ಎಂದ. ಅವನ ತಂದೆ ಸರಕಿನ ಹಡಗಿನಲ್ಲಿ ಕೆಲಸಮಾಡುವವರು. ವರ್ಷದಲ್ಲಿ ಕೆಲವು ತಿಂಗಳು ಮಾತ್ರ ಮನೆಯಲ್ಲಿ. ಆ ಸಲ ಹಡಗು ಅಮೆರಿಕದಿಂದ ಜಪಾನಿನ ಕಡೆಗೆ ಪೆಸಿಫಿಕ್ ಸಾಗರವನ್ನು ದಾಟುತ್ತಿತ್ತು. ಆ ಸಾಗರದ ನಡುವೆ ದಿನರೇಖೆ ಉಂಟಷ್ಟೆ. ಪಡುವಲಿಗೆ ಹೋಗುವವರು ಅದನ್ನು ದಾಟಿದಾಗ ಪಂಚಾಂಗದಲ್ಲಿ ಒಂದು ದಿನವನ್ನು ಬಿಟ್ಟು ಮುಂದಕ್ಕೆ ಹೋಗಬೇಕು. ಹಾಗೆ ಬಿಟ್ಟ ದಿನ ಇವನ ಹುಟ್ಟಿದ ದಿನವಾಗಿತ್ತು. “ಅಪ್ಪನ ಹಡಗಿನಲ್ಲಿ ಆ ದಿನ ಬರಲೇ ಇಲ್ಲ ಸರ್. ಹಾಗಾದರೆ ಅದು ಎಲ್ಲಿಗೆ ಹೋಯಿತು?” ಎಂದು ಕೇಳಿದ.

ನಾನು ಏನು ಹೇಳಲಿ? ಕ್ಷಯತಿಥಿಯ ಮಾತನ್ನು ಹೇಳಿದೆ. ಒಂದು ಸೂರ್ಯೋದಯವಾದ ಮೇಲೆ ಹುಟ್ಟಿ ಮುಂದಿನ ಸೂರ್ಯೋದಯಕ್ಕೆ ಮೊದಲೇ ಮುಗಿದ ತಿಥಿಗೆ ಯಾವ ದಿನವೂ ಸಿಗುವುದಿಲ್ಲ. ಪಂಚಾಂಗದಲ್ಲಿ ಅದು ಕ್ಷಯ. ೧೫೮೨ರಲ್ಲಿ ಪೋಪರು ಪಂಚಾಂಗ ತಿದ್ದಿದಾಗ ರೋಮಿನಲ್ಲಿ ಅಕ್ಟೋಬರ್ ೪ರ ಮರುದಿನ ೧೫ ಆಯಿತು. ನಡುವಿನ ಹತ್ತು ದಿನ ಯಾರಿಗೂ ದೊರೆಯಲಿಲ್ಲ. ಹುಡುಗ ಇದನ್ನೆಲ್ಲ ಕೇಳಿ, “ಅವೂ ಏಳನೆಯ ಲೋಕಕ್ಕೆ ಸೇರುತ್ತವೆ” ಎಂದು ಬರೆದುಕೊಂಡ. ನಾನು ಪುಸ್ತಕವನ್ನು ಹಿಂದಕ್ಕೆ ಕೊಟ್ಟೆ. ನನ್ನ ಕೆಂಪು ಬರಹದ ಮೇಲೆ ಒಂದು ಗೆರೆ ಎಳೆದು ಸಹಿ ಹಾಕಿದೆ. ತಿದ್ದಿದವನು ಗುರುತು ಹಾಕಬೇಕಲ್ಲವೆ? ಜತೆಗೆ ಒಂದು ಕೆಲಸವನ್ನೂ ಕೊಟ್ಟೆ: ಏಳು ಲೋಕಗಳಿಗೂ ಒಂದೇ ಸಲ ಬರುವ ಹಬ್ಬವನ್ನು ಕಂಡುಹಿಡಿದು ತಾ ಎಂದು. ಐದು ದಿನದ ವಾರ, ಏಳು ದಿನದ ವಾರ, ನಲವತ್ತು ತಿಂಗಳ ವರ್ಷ ಇವೆಲ್ಲ ಎಂದು ಕೂಡುತ್ತವೆ ಎಂದು ತಿಳಿಯಲು ಲಘುತಮ ಸಾಮಾನ್ಯ ಅಪವರ್ತ್ಯ ಬೇಕು. ಹುಡುಗ ಗಣಿತದ ಮೇಷ್ಟರ ಹತ್ತಿರ ಓಡಿದ.

ಕೆಲವು ವಾರಗಳ ಮೇಲೆ ಹುಡುಗ ತಾನಾಗಿಯೇ ಬಂದು ನಿಂತ. ಹಡಗು ಮರಳಿ ಅಮೆರಿಕಕ್ಕೆ ಹೋಗಿತ್ತು. ಮೂಡಲಿಗೆ ಹೋಗುವವರು ಆ ರೇಖೆಯನ್ನು ದಾಟಿದಾಗ ಒಂದು ದಿನ ಎರಡು ಸಲ ಬರುತ್ತದೆ. ಬಂದರನ್ನು ಮುಟ್ಟಿದ ಮೇಲೆ ತಂದೆ ಮನೆಗೆ ಫೋನ್ ಮಾಡಿದರಂತೆ. ಎರಡು ಸಲ ಬಂದ ದಿನದಲ್ಲಿ ಮೊದಲನೆಯದು ಎಲ್ಲರದೂ, ಎರಡನೆಯದು ನಿನ್ನದು. ಅಂದು ಅಡಿಗೆಯವನಿಗೆ ಹೇಳಿ ಪಾಯಸ ಮಾಡಿಸಿದೆವು ಎಂದರಂತೆ.

ಹುಡುಗ ಏಳನೆಯ ಪುಟವನ್ನು ತೆರೆದು ತೋರಿಸಿದ. ಆ ತಾರೀಖಿನ ಎದುರಿಗೆ ‘ವಾಪಸು ಬಂದಿದೆ’ ಎಂದು ಬರೆದಿದ್ದ. ಅದರ ಕೆಳಗೆ, ನಾನು ಮಾಡಿದ್ದ ಹಾಗೆಯೇ, ತನ್ನ ಸಹಿಯನ್ನೂ ಹಾಕಿದ್ದ.